ಕಾರ್ನೆಗಿ ಹೇಳಿದ ಗುಟ್ಟು: ಸಾಕ್ಷಿ ಯಾರು?

ರಂಜಾನ್ ಹಬ್ಬದ ಮರುದಿನ ನಮ್ಮ ಅಕ್ಕನ ಮಗ ಒಂದು ಪುಸ್ತಕ ಹಿಡಿದುಕೊಂಡು ಅಮೀನಗಡದ ನಮ್ಮ ಮನೆಗೆ ಬಂದ. ಇಳಕಲ್ಲಿನ ಒಂದು ಸೀರೆ ಅಂಗಡಿಯಲ್ಲಿ ಲೆಕ್ಕ ಬರೆಯುವ ಹುಡುಗ. ಬಿ.ಕಾಂ. ಓದಿದವನು, ಮಾತು ಕಡಿಮೆ. ಪುಸ್ತಕದ ಹೆಸರು 'ಥಿಂಕ್ ಅಂಡ್ ಗ್ರೋ ರಿಚ್'. ಬರೆದವರು ಅಮೆರಿಕದ ನೆಪೋಲಿಯನ್ ಹಿಲ್. ಕೋಟಿಗಟ್ಟಲೆ ಪ್ರತಿಗಳು ಮಾರಾಟವಾಗಿವೆ ಎಂದು ಸಾರುವ ಚಿನ್ನದ ಬಣ್ಣದ ಮುದ್ರೆ ಹೊದಿಕೆಯ ಮೇಲಿತ್ತು. ಒಳಗೆ ಪುಟಪುಟಕ್ಕೂ ಕೆಂಪು ಪೆನ್ನಿನಿಂದ ಗೆರೆ ಎಳೆದಿದ್ದ. ಪರೀಕ್ಷೆಗೂ ಅವನು ಇಷ್ಟು ಶ್ರದ್ಧೆಯಿಂದ ಓದಿರಲಿಕ್ಕಿಲ್ಲ.

ಪುಸ್ತಕ ಅವನಿಗೆ ಸಿಕ್ಕಿದ್ದು ಒಂದು ಕಲ್ಯಾಣ ಮಂಟಪದ ಸಭೆಯಲ್ಲಿ. ಒಬ್ಬ ಇಬ್ಬರನ್ನು ಸೇರಿಸಬೇಕು, ಆ ಇಬ್ಬರು ನಾಲ್ವರನ್ನು ಸೇರಿಸಬೇಕು, ಹೀಗೆ ಸರಪಳಿ ಬೆಳೆದಂತೆ ಮೇಲಿದ್ದವನಿಗೆ ದುಡ್ಡು ಬರುತ್ತದೆ ಎಂಬ ವ್ಯವಹಾರದ ಸಭೆ ಅದು. ವೇದಿಕೆಯ ಮೇಲೆ ಸೂಟು ಧರಿಸಿದ ಯುವಕನೊಬ್ಬ ಈ ಪುಸ್ತಕವನ್ನು ಎತ್ತಿ ಹಿಡಿದು, "ಜಗತ್ತಿನ ಅತಿ ದೊಡ್ಡ ಶ್ರೀಮಂತ ಹೇಳಿಕೊಟ್ಟ ಗುಟ್ಟು ಇದರಲ್ಲಿದೆ" ಎಂದನಂತೆ. ಸೇರುವ ಹಣಕ್ಕಾಗಿ ಅಕ್ಕನ ಎರಡು ಬಳೆಗಳು ಒತ್ತೆಗೆ ಹೋದವು. ಎಂಟು ತಿಂಗಳಾದರೂ ಹುಡುಗನ ಕೆಳಗೆ ಒಬ್ಬರೂ ಸೇರಿರಲಿಲ್ಲ.

"ಮಾಮು, ನೀವು ಕಥಿ ಬರಿಯವ್ರು. ಪುಸ್ತಕದಾಗ ಇದ್ದದ್ದು ಖರೇನೊ ಸುಳ್ಳೊ ನಿಮಗ ತಿಳಿತೈತಿ. ಈ ಮನಿಷಾ ಹೇಳಿದ್ದು ಖರೇ ಇದ್ರ ತಪ್ಪು ನಂದು. ಸುಳ್ಳಿದ್ರ ಹೇಳಿಬಿಡ್ರಿ" ಎಂದ.

ಆ ಮಾತು ನಮ್ಮನ್ನು ಚುಚ್ಚಿತು. ಪುಸ್ತಕ ಸತ್ಯವಾಗಿದ್ದರೆ ತಾನು ಅಪರಾಧಿ ಎಂದು ಅವನು ಆಗಲೇ ತೀರ್ಮಾನಿಸಿಕೊಂಡಿದ್ದ. ನಾವು ಇಂಥ ಪುಸ್ತಕಗಳನ್ನು ಬಸ್ ನಿಲ್ದಾಣದ ಸರಕು ಎಂದು ಮೂಗು ಮುರಿದು ಬದಿಗಿಟ್ಟವರು. ನಮ್ಮ ವಿಮರ್ಶಕರೂ ಅದನ್ನೇ ಮಾಡಿದ್ದಾರೆ. ಕಥೆ, ಕವನ, ಕಾದಂಬರಿಗಳ ಬಗ್ಗೆ ಪುಟಗಟ್ಟಲೆ ಬರೆಯುತ್ತೇವೆ; ನಮ್ಮ ಮನೆಯ ಮಕ್ಕಳು ನಿಜವಾಗಿ ಓದುವ ಪುಸ್ತಕಗಳ ಬಗ್ಗೆ ಒಂದು ಸಾಲನ್ನೂ ಬರೆಯುವುದಿಲ್ಲ. ಆ ಸಾಲವನ್ನು ಸ್ವಲ್ಪವಾದರೂ ತೀರಿಸುವ ಪ್ರಯತ್ನ ಈ ಲೇಖನ.

ಪುಸ್ತಕ ನಿಂತಿರುವ ನೆಲ

1937ರಲ್ಲಿ ಪ್ರಕಟವಾದ ಈ ಪುಸ್ತಕದ ವಾದ ಸರಳವಾದುದು. ಮನುಷ್ಯ ತನಗೇನು ಬೇಕು ಎಂಬುದನ್ನು ಸ್ಪಷ್ಟವಾಗಿ ನಿರ್ಧರಿಸಿ, ಅದನ್ನು ತೀವ್ರವಾಗಿ ಬಯಸಿ, ದಿನವೂ ತನಗೆ ತಾನೇ ಹೇಳಿಕೊಳ್ಳುತ್ತ, ಸೋಲಿಗೆ ಅಂಜದೆ ಮುನ್ನಡೆದರೆ ಸಂಪತ್ತು ಅವನನ್ನು ಹುಡುಕಿಕೊಂಡು ಬರುತ್ತದೆ. ಇಷ್ಟೇ ಆಗಿದ್ದರೆ ಇದು ನಮ್ಮ ಅಜ್ಜಂದಿರೂ ಹೇಳುತ್ತಿದ್ದ ಬುದ್ಧಿಮಾತು. ಅದಕ್ಕೆ ಯಾರೂ ಸಾಕ್ಷಿ ಕೇಳುತ್ತಿರಲಿಲ್ಲ.

ಆದರೆ ಹಿಲ್ ತಮ್ಮ ಮಾತಿಗೆ ಒಂದು ಸಾಕ್ಷಿಯನ್ನು ಕಟ್ಟಿದ್ದಾರೆ. 1908ರಲ್ಲಿ ತಾವು ಉಕ್ಕಿನ ದೊರೆ ಆಂಡ್ರ್ಯೂ ಕಾರ್ನೆಗಿಯವರನ್ನು ಸಂದರ್ಶಿಸಲು ಹೋದದ್ದಾಗಿಯೂ, ಯಶಸ್ಸಿನ ಸೂತ್ರವನ್ನು ಲೋಕಕ್ಕೆ ತಿಳಿಸುವ ಕೆಲಸವನ್ನು ಕಾರ್ನೆಗಿ ತಮಗೆ ಒಪ್ಪಿಸಿದ್ದಾಗಿಯೂ, ಇಪ್ಪತ್ತು ವರ್ಷ ಸಂಬಳವಿಲ್ಲದೆ ಐನೂರಕ್ಕೂ ಹೆಚ್ಚು ಯಶಸ್ವಿ ವ್ಯಕ್ತಿಗಳನ್ನು ಅಧ್ಯಯನ ಮಾಡಿದ್ದಾಗಿಯೂ ಹೇಳುತ್ತಾರೆ. ಅವರು ಹೇಳುತ್ತ ಬಂದ ಈ ಕಥೆಯಲ್ಲಿ ಒಂದು ಸೊಗಸಾದ ವಿವರವಿದೆ. ಒಪ್ಪುತ್ತೀಯೋ ಇಲ್ಲವೋ ಎಂದು ಕೇಳಿದ ಕಾರ್ನೆಗಿ ಉತ್ತರಕ್ಕೆ 60 ಸೆಕೆಂಡು ಗಡುವು ಇಟ್ಟು ಗಡಿಯಾರ ಹಿಡಿದು ಕೂತಿದ್ದರಂತೆ. ಹಿಲ್ 29 ಸೆಕೆಂಡಿನಲ್ಲಿ ಒಪ್ಪಿದರಂತೆ.

ಕಥೆ ಬರೆಯುವವರಾದ ನಾವು ಈ 29ರ ಮುಂದೆ ತಲೆದೂಗಲೇಬೇಕು. ಮೂವತ್ತು ಎಂದಿದ್ದರೆ ಅಂದಾಜು ಎನಿಸುತ್ತಿತ್ತು. ಇಪ್ಪತ್ತೊಂಬತ್ತು ಎಂದಾಗ ಗಡಿಯಾರವೇ ಕಣ್ಣಿಗೆ ಕಟ್ಟುತ್ತದೆ. ಹೀಗೆ ಓದುಗರನ್ನು ನಂಬಿಸುವ ವಿದ್ಯೆ ನಮಗೂ ಸ್ವಲ್ಪ ಗೊತ್ತು. ಗೊತ್ತಿರುವುದರಿಂದಲೇ ಅನುಮಾನ ಬಂತು.

ಇಲ್ಲಿ ಒಂದು ಗೊಂದಲವನ್ನೂ ನಿವಾರಿಸಬೇಕು. ನಮ್ಮಲ್ಲಿ ಅನೇಕರು ಎರಡು ಕಾರ್ನೆಗಿಗಳನ್ನು ಬೆರೆಸುತ್ತಾರೆ. 1936ರಲ್ಲಿ ಸ್ನೇಹಿತರನ್ನು ಗೆಲ್ಲುವ ಬಗ್ಗೆ ಪ್ರಸಿದ್ಧ ಪುಸ್ತಕ ಬರೆದವರು ಡೇಲ್ ಕಾರ್ನೆಗಿ. ಅವರಿಗೂ ಉಕ್ಕಿನ ಕಾರ್ನೆಗಿಗೂ ರಕ್ತಸಂಬಂಧವಿಲ್ಲ. ಡೇಲ್ ತಮ್ಮ ಮನೆತನದ ಹೆಸರಿನ ಅಕ್ಷರಗಳನ್ನೇ ಬದಲಿಸಿಕೊಂಡು ಅದನ್ನು ಶ್ರೀಮಂತನ ಹೆಸರಿನಂತೆ ಮಾಡಿಕೊಂಡವರು. ಹೆಸರಿನ ಹೊಳಪು ಎಷ್ಟು ಕೆಲಸ ಮಾಡುತ್ತದೆ ಎಂಬುದಕ್ಕೆ ಇದೂ ಒಂದು ಉದಾಹರಣೆ.

ಹಲ್ಲು ನೋಡುವ ವಿದ್ಯೆ

ನಮ್ಮೂರಿನ ಕುರಿ ಸಂತೆ ಹೆಸರಾದುದು. ಬಕ್ರೀದ್ ಹತ್ತಿರ ಬಂದಾಗ ಅಲ್ಲಿಗೆ ಹೋಗಿ ನೋಡಬೇಕು. ಮಾರುವವನು ಟಗರಿನ ವಯಸ್ಸು, ತೂಕ, ತಳಿ ಎಲ್ಲವನ್ನೂ ಹೊಗಳುತ್ತಾನೆ. ಕೊಳ್ಳುವ ಹಿರಿಯರು ಹೂಂಗುಟ್ಟುತ್ತಲೇ ಟಗರಿನ ಬಾಯಿ ತೆರೆದು ಹಲ್ಲು ನೋಡುತ್ತಾರೆ. ಇದು ಮಾರುವವನಿಗೆ ಅವಮಾನವಲ್ಲ. ಮಾತು ಅವನದು, ಹಲ್ಲು ಟಗರಿನದು. ಎರಡೂ ಹೊಂದಬೇಕು, ಅಷ್ಟೇ.

ಉರ್ದು ಶಾಲೆಯಲ್ಲಿ ನಮಗೆ ಕಲಿಸಿದ ಉಸ್ತಾದರು ಇದನ್ನೇ ಬೇರೆ ಮಾತಿನಲ್ಲಿ ಹೇಳುತ್ತಿದ್ದರು. ಯಾವುದೇ ಸುದ್ದಿ ಬಂದರೂ ಅದರ ಸನದ್ ಕೇಳು: ನಿನಗೆ ಹೇಳಿದವನು ಯಾರು, ಅವನಿಗೆ ಹೇಳಿದವನು ಯಾರು, ಇಬ್ಬರೂ ಒಂದೇ ಕಾಲದಲ್ಲಿ ಬದುಕಿದ್ದರೇ, ಭೇಟಿಯಾಗುವ ಸಾಧ್ಯತೆ ಇತ್ತೇ? ಹದೀಸ್ ಸಂಗ್ರಹಿಸಿದ ವಿದ್ವಾಂಸರು ಹೇಳಿಕೆಯನ್ನು ಎತ್ತಿಕೊಳ್ಳುವ ಮೊದಲು ಹೇಳಿದವರ ಬದುಕನ್ನೇ ಪರಿಶೀಲಿಸುವ ಒಂದು ಶಾಸ್ತ್ರವನ್ನು ಕಟ್ಟಿದರು. ಒಳ್ಳೆಯ ಮಾತು ಎಂಬ ಕಾರಣಕ್ಕೆ ದುರ್ಬಲ ಸರಪಳಿಯನ್ನು ಗಟ್ಟಿ ಎಂದು ಅವರು ಒಪ್ಪಲಿಲ್ಲ.

ಕನ್ನಡ ಶಾಲೆಯ ಮೇಷ್ಟ್ರು ನಮ್ಮನ್ನು ಸಮೀಪದ ಐಹೊಳೆಗೆ ಕರೆದೊಯ್ದು ಮೇಗುಟಿ ಗುಡಿಯ ಶಾಸನ ತೋರಿಸಿದ್ದರು. ಕ್ರಿ.ಶ. 634ರ ಆ ಶಾಸನದಲ್ಲಿ ಕವಿ ರವಿಕೀರ್ತಿ ತನ್ನ ದೊರೆ ಇಮ್ಮಡಿ ಪುಲಕೇಶಿ ಉತ್ತರದ ಹರ್ಷನ ಹರ್ಷವನ್ನೇ ಕರಗಿಸಿದನೆಂದು ಹೊಗಳುತ್ತಾನೆ. ಆಸ್ಥಾನ ಕವಿಯ ಹೊಗಳಿಕೆಯನ್ನು ನಂಬುವುದು ಹೇಗೆ? ಆದರೆ ಚೀನಾದಿಂದ ಬಂದ ಯಾತ್ರಿಕ ಹ್ಯುಯೆನ್ ತ್ಸಾಂಗ್ ಕೂಡ ಹರ್ಷನಿಗೆ ಈ ನಾಡನ್ನು ಗೆಲ್ಲಲಾಗಲಿಲ್ಲ ಎಂದು ಬರೆದಿದ್ದಾನೆ. ಅವನು ಪುಲಕೇಶಿಯ ಅನ್ನ ಉಂಡವನಲ್ಲ, ಹರ್ಷನ ಆದರ ಪಡೆದವನು. ಪರಸ್ಪರ ಸಂಬಂಧವಿಲ್ಲದ ಇಬ್ಬರು ಒಂದೇ ಮಾತು ಹೇಳಿದಾಗ ಹೊಗಳಿಕೆ ಇತಿಹಾಸವಾಗುತ್ತದೆ. ಅದೇ ರವಿಕೀರ್ತಿ ತಾನು ಕಾಳಿದಾಸ, ಭಾರವಿಯರ ಕೀರ್ತಿ ಪಡೆದವನೆಂದೂ ಕೊಚ್ಚಿಕೊಂಡಿದ್ದಾನೆ. ಅದಕ್ಕೆ ಅವನೊಬ್ಬನೇ ಸಾಕ್ಷಿ. ಆದ್ದರಿಂದ ಆ ಮಾತನ್ನು ನಾವು ನಗುತ್ತ ಓದುತ್ತೇವೆ.

ಹಿಲ್ ಅವರ ಕಥೆಗೆ ಹ್ಯುಯೆನ್ ತ್ಸಾಂಗ್ ಯಾರು? ನಾವು ಕೇಳಬೇಕಾದ ಪ್ರಶ್ನೆ ಇದು.

ದಾಖಲೆ ಏನು ಹೇಳುತ್ತದೆ

ಕಾರ್ನೆಗಿ ಅಜ್ಞಾತ ವ್ಯಕ್ತಿಯಾಗಿರಲಿಲ್ಲ. 1901ರಲ್ಲಿ ತಮ್ಮ ಉಕ್ಕಿನ ಕಂಪನಿಯನ್ನು 48 ಕೋಟಿ ಡಾಲರಿಗೆ ಮಾರಿ, ಬಳಿಕ ದಾನಕ್ಕೆ ತೊಡಗಿದವರು. 2,509 ಗ್ರಂಥಾಲಯ ಕಟ್ಟಡಗಳಿಗೆ ಹಣ ಕೊಟ್ಟವರು. ಅವರ ಪತ್ರಗಳು, ಕಾಗದಗಳು ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್‌ನಲ್ಲಿ ಸಂಗ್ರಹವಾಗಿವೆ. ಆತ್ಮಕಥೆ 1920ರಲ್ಲಿ ಹೊರಬಂದಿದೆ. ಇಂಥವರು ಒಬ್ಬ ಯುವಕನನ್ನು ದಿನಗಟ್ಟಲೆ ಕೂರಿಸಿಕೊಂಡು ಇಪ್ಪತ್ತು ವರ್ಷದ ಕೆಲಸ ಒಪ್ಪಿಸಿದ್ದರೆ ಎಲ್ಲಾದರೂ ಒಂದು ಚೀಟಿ ಉಳಿಯಬೇಕಿತ್ತು. 2006ರಲ್ಲಿ ಕಾರ್ನೆಗಿಯ ಬೃಹತ್ ಜೀವನಚರಿತ್ರೆ ಪ್ರಕಟಿಸಿದ ಇತಿಹಾಸಕಾರ ಡೇವಿಡ್ ನ್ಯಾಸಾ, ಇಬ್ಬರೂ ಭೇಟಿಯಾಗಿದ್ದರೆಂಬುದಕ್ಕೆ ಯಾವ ಪುರಾವೆಯೂ ತಮಗೆ ಸಿಕ್ಕಿಲ್ಲವೆಂದು ಹೇಳಿದ್ದಾರೆ. ಅಮೆರಿಕದ ಪತ್ರಕರ್ತ ಮ್ಯಾಟ್ ನೊವಾಕ್ 2016ರಲ್ಲಿ ಹಳೆಯ ಪತ್ರಿಕೆಗಳನ್ನೂ ನ್ಯಾಯಾಲಯದ ಸುದ್ದಿಗಳನ್ನೂ ಜಾಲಾಡಿ ಹಿಲ್ ಬಗ್ಗೆ ಬರೆದ ಸುದೀರ್ಘ ಲೇಖನದಲ್ಲಿ ನ್ಯಾಸಾರ ಈ ಮಾತು ದಾಖಲಾಗಿದೆ.

ಕಾಲದ ಲೆಕ್ಕವೂ ಗಮನಾರ್ಹ. ಕಾರ್ನೆಗಿ ತೀರಿಕೊಂಡದ್ದು 1919ರ ಆಗಸ್ಟ್ 11ರಂದು. ಅವರು ಬದುಕಿದ್ದಾಗ ಹಿಲ್ ಈ ಭೇಟಿಯ ಬಗ್ಗೆ ಬಹಿರಂಗವಾಗಿ ಹೇಳಿದ ಕುರುಹಿಲ್ಲ. 1928ರಲ್ಲಿ 'ದಿ ಲಾ ಆಫ್ ಸಕ್ಸೆಸ್' ಸಂಪುಟಗಳು ಹೊರಬರುವ ಹೊತ್ತಿಗೆ ಮಾತ್ರ ಕಾರ್ನೆಗಿ ಗುರುವಿನ ಪೀಠದಲ್ಲಿ ಕುಳಿತಿದ್ದರು. ಹೌದು ಅಥವಾ ಅಲ್ಲ ಎನ್ನಬಲ್ಲ ಏಕೈಕ ಮನುಷ್ಯ ಆಗ ಮಣ್ಣಿನಲ್ಲಿದ್ದರು. ಹಾಗಾದರೆ ಐನೂರು ಜನರ ಸಂದರ್ಶನದ ಕಾಗದಗಳೆಲ್ಲಿ? ಪ್ರಮುಖ ಪತ್ರಗಳು ಷಿಕಾಗೋದ ಒಂದು ದಾಸ್ತಾನು ಮಳಿಗೆಗೆ ಬೆಂಕಿ ಬಿದ್ದು ಸುಟ್ಟುಹೋದವು ಎಂಬ ವಿವರಣೆ ಅವರ ಕಡೆಯವರಿಂದ ಬರುತ್ತದೆ. ಸಂಶೋಧಕ ಎಡಿಸನ್ ಜೊತೆ ಹಿಲ್ ಇರುವ ಒಂದು ಛಾಯಾಚಿತ್ರವೇನೋ ಉಳಿದಿದೆ. ಒಂದು ಚಿತ್ರದಿಂದ ಒಂದು ಭೇಟಿ ಸಾಬೀತಾಗುತ್ತದೆ, ಐನೂರು ಸಾಬೀತಾಗುವುದಿಲ್ಲ.

ಇನ್ನು 1908ರಲ್ಲಿ ಹಿಲ್ ನಿಜವಾಗಿ ಎಲ್ಲಿದ್ದರು? ಅಲಬಾಮಾದ ಮೊಬೈಲ್ ಎಂಬ ಊರಿನಲ್ಲಿ ಪಾಲುದಾರನೊಂದಿಗೆ ಮರದ ದಿಮ್ಮಿಗಳ ಕಂಪನಿ ನಡೆಸುತ್ತಿದ್ದರು. ಹೊರ ಊರುಗಳಿಂದ ಸಾಲದಲ್ಲಿ ಮರ ತರಿಸಿ, ಮಾರಿ, ಸಾಲಗಾರರಿಗೆ ಹಣ ಕೊಡದೆ ಕಂಪನಿ ದಿವಾಳಿ ಪ್ರಕ್ರಿಯೆಗೂ ಅಂಚೆ ವಂಚನೆಯ ಆರೋಪಕ್ಕೂ ಒಳಗಾದುದನ್ನು 'ಪೆನ್ಸಕೋಲಾ ಜರ್ನಲ್' ಪತ್ರಿಕೆ ಅದೇ ವರ್ಷದ ಅಕ್ಟೋಬರ್‌ನಲ್ಲಿ ವರದಿ ಮಾಡಿತು. ಮರು ವರ್ಷ ವಾಷಿಂಗ್ಟನ್ನಿಗೆ ಬಂದು ಮೋಟಾರು ಕಾಲೇಜು ತೆರೆದರು. ವಿದ್ಯಾರ್ಥಿಗಳು ಕಲಿಯುವ ಹೆಸರಿನಲ್ಲಿ ಒಂದು ಕಂಪನಿಯ ಕಾರುಗಳನ್ನು ಜೋಡಿಸುತ್ತಿದ್ದರು. 1912ರಲ್ಲಿ 'ಮೋಟಾರ್ ವರ್ಲ್ಡ್' ಪತ್ರಿಕೆ ಅದನ್ನು ಮೋಸವೆಂದು ಜರೆಯಿತು. ಕಾಲೇಜು ಅದೇ ವರ್ಷ ಮುಚ್ಚಿತು. ಮುಂದೆ ಷಿಕಾಗೋದಲ್ಲಿ ಜಾಹೀರಾತು ವಿದ್ಯೆ ಕಲಿಸುವ ಸಂಸ್ಥೆ. 1,200 ಡಾಲರ್ ಬೆಲೆಬಾಳುವ ಆಸ್ತಿಯ ಮೇಲೆ 1,00,000 ಡಾಲರ್ ಬಂಡವಾಳ ತೋರಿಸಿ ಷೇರು ಮಾರಲು ಹೊರಟ ಆರೋಪದಲ್ಲಿ ಇಲಿನಾಯ್ಸ್ ರಾಜ್ಯ ಅವರ ಬಂಧನಕ್ಕೆ ಎರಡು ವಾರಂಟ್ ಹೊರಡಿಸಿದ ಸುದ್ದಿ 1918ರ ಜೂನ್ 4ರ 'ಷಿಕಾಗೋ ಟ್ರಿಬ್ಯೂನ್'ನಲ್ಲಿ ಬಂತು.

ಕಾರ್ನೆಗಿ ಒಪ್ಪಿಸಿದ ಕೆಲಸಕ್ಕಾಗಿ ಇಪ್ಪತ್ತು ವರ್ಷ ಮುಡಿಪಾಗಿಟ್ಟೆ ಎನ್ನುವ ಅವಧಿಯ ಮೊದಲ ಹತ್ತು ವರ್ಷಗಳು ಹೀಗಿದ್ದವು. ಅಧ್ಯಕ್ಷ ವಿಲ್ಸನ್ ಮತ್ತು ರೂಸ್‌ವೆಲ್ಟ್ ಅವರಿಗೆ ತಾವು ಸಲಹೆಗಾರರಾಗಿದ್ದೆವೆಂಬ ಹಿಲ್ ಮಾತಿಗೂ ಸ್ವತಂತ್ರ ಸಾಕ್ಷ್ಯ ಸಿಕ್ಕಿಲ್ಲ.

ಹಿಲ್ ಪರವಾದ ಜೀವನಚರಿತ್ರೆ ಇಲ್ಲವೆಂದಲ್ಲ. 1995ರಲ್ಲಿ ಮೈಕಲ್ ರಿಟ್ ಮತ್ತು ಕರ್ಕ್ ಲ್ಯಾಂಡರ್ಸ್ ಬರೆದದ್ದಿದೆ. ಅದು ಹಿಲ್ ಹೆಸರಿನ ಸಂಸ್ಥೆಗೆ ಹತ್ತಿರದವರ ಪುಸ್ತಕ. ಇದನ್ನು ಓದುವಾಗ ಉರ್ದು ಸಾಹಿತ್ಯದ ಒಂದು ಹಳೆಯ ಪ್ರಸಂಗ ನೆನಪಾಗುತ್ತದೆ. 1901ರಲ್ಲಿ ಹಾಲಿ ಅವರು ಸರ್ ಸೈಯದ್ ಅಹ್ಮದ್ ಖಾನ್ ಅವರ ಜೀವನಚರಿತ್ರೆ 'ಹಯಾತೆ ಜಾವೀದ್' ಬರೆದಾಗ, ಇದು ವಾದಗಳಿಂದ ಪೋಣಿಸಿದ ಹೊಗಳಿಕೆ ಎಂದು ಶಿಬ್ಲಿ ನೂಮಾನಿ ಆಕ್ಷೇಪಿಸಿದರು. ಹಾಲಿ, ಸರ್ ಸೈಯದ್ ಇಬ್ಬರೂ ಪ್ರಾಮಾಣಿಕರು. ಆಕ್ಷೇಪಿಸಿದ ಶಿಬ್ಲಿ ಅವರ ಬಳಗದವರೇ. ಪ್ರೀತಿಯಿಂದ ಬರೆದುದನ್ನೂ ತೂಗಿ ನೋಡಬೇಕು ಎಂಬ ಪಾಠ ನಮ್ಮ ಮನೆಯಲ್ಲೇ ನೂರು ವರ್ಷಗಳ ಹಿಂದೆ ಸಿಕ್ಕಿದೆ.

ಕೋಟಿಗಳ ಲೆಕ್ಕ

ಕನ್ನಡ ಪುಸ್ತಕವೊಂದನ್ನು ತೆರೆದರೆ ಎರಡನೇ ಪುಟದಲ್ಲಿ ಮುದ್ರಣದ ವರ್ಷ, ಬಳಸಿದ ಕಾಗದ, ಬೆಲೆ, ಪ್ರತಿಗಳು 1000 ಎಂದು ಮುದ್ರಿಸಿರುವುದನ್ನು ಓದುಗರು ನೋಡಿರುತ್ತಾರೆ. ಬಡ ಭಾಷೆಯ ಈ ಪ್ರಾಮಾಣಿಕತೆಗೆ ನಾವು ಹೆಮ್ಮೆಪಡಬೇಕು. ಆದರೂ ಅದು ಮುದ್ರಣದ ಲೆಕ್ಕ. ಅಂಗಡಿಗೆ ಹೋದದ್ದೆಷ್ಟು, ವಾಪಸು ಬಂದದ್ದೆಷ್ಟು, ಗ್ರಂಥಾಲಯ ಇಲಾಖೆ ಕೊಂಡದ್ದೆಷ್ಟು, ಓದುಗರ ಕೈ ಸೇರಿದ್ದೆಷ್ಟು ಎಂಬುದು ಆ ಸಾಲಿನಿಂದ ತಿಳಿಯುವುದಿಲ್ಲ.

ಸಾವಿರದ ಲೆಕ್ಕವೇ ಹೀಗಿರುವಾಗ ಕೋಟಿಯ ಲೆಕ್ಕ ಹೇಗಿರಬೇಡ? ಹಿಲ್ ಪುಸ್ತಕದ ಮಾರಾಟ ಒಂದು ಕಡೆ ಒಂದೂವರೆ ಕೋಟಿ, ಇನ್ನೊಂದು ಕಡೆ ಎರಡು ಕೋಟಿ, ಮತ್ತೊಂದು ಹೊದಿಕೆಯಲ್ಲಿ ಆರು ಕೋಟಿ, ಮಗದೊಂದರಲ್ಲಿ ಹತ್ತು ಕೋಟಿ. ಇವುಗಳ ನಡುವಿನ ಅಂತರವೇ ಎಂಟೂವರೆ ಕೋಟಿ! ಅಂಗಡಿಗಳ ಬಿಲ್ಲಿನ ಆಧಾರದಲ್ಲಿ ಪುಸ್ತಕ ಮಾರಾಟ ಎಣಿಸುವ ನೀಲ್ಸನ್ ಬುಕ್‌ಸ್ಕ್ಯಾನ್ ಎಂಬ ವ್ಯವಸ್ಥೆ ಅಮೆರಿಕದಲ್ಲಿ ಶುರುವಾದದ್ದು 2001ರಲ್ಲಿ. ಅದಕ್ಕಿಂತ ಹಿಂದಿನ ಅರುವತ್ತು ವರ್ಷಗಳ ಸಂಖ್ಯೆಗೆ ಪ್ರಕಾಶಕರ ಮಾತೇ ಆಧಾರ. ಮೇಲಾಗಿ ಈ ಪುಸ್ತಕವನ್ನು ಅಚ್ಚು ಹಾಕುವ ಪ್ರಕಾಶಕರು ಒಬ್ಬಿಬ್ಬರಲ್ಲ. ಪಾದಚಾರಿ ಮಾರ್ಗದಲ್ಲಿ ಮಾರುವ ಕಳ್ಳ ಮುದ್ರಣಗಳನ್ನು ಎಣಿಸುವವರೇ ಇಲ್ಲ.

ಪುಸ್ತಕ ಅಪಾರವಾಗಿ ಮಾರಿದೆ ಎಂಬುದರಲ್ಲಿ ಸಂಶಯವಿಲ್ಲ. 1937ರಿಂದ ಇಂದಿನವರೆಗೆ ಅಂಗಡಿಯಲ್ಲಿ ಉಳಿದ ಪುಸ್ತಕ ಅದು. ಆದರೆ ಹೊದಿಕೆಯ ಮೇಲಿನ ಕೋಟಿ ಎಂಬುದು ಎಣಿಸಿ ಬರೆದ ಸಂಖ್ಯೆಯಲ್ಲ. ಅದು ಕೊಳ್ಳುವವನ ಭುಜ ತಟ್ಟುವ ಕೈ. ಇಷ್ಟು ಜನ ಕೊಂಡಿದ್ದಾರೆ, ನೀನೊಬ್ಬ ಹಿಂದೆ ಉಳಿಯುತ್ತೀಯಾ ಎಂದು ಅದು ಕೇಳುತ್ತದೆ. ನಮ್ಮೂರಿಗೆ ಬಂದ ಪರಸ್ಥಳದವರು ರಸ್ತೆಯ ಇಕ್ಕೆಲದ ಫಲಕಗಳನ್ನು ಓದುತ್ತ ಯಾವ ಕರದಂಟು ಕೊಳ್ಳುವುದೆಂದು ತಬ್ಬಿಬ್ಬಾಗುತ್ತಾರೆ. ಊರವರು ಫಲಕ ಓದುವುದಿಲ್ಲ. ಒಂದು ತುಂಡು ಬಾಯಿಗೆ ಹಾಕಿ ಅಂಟು ಎಷ್ಟು, ಬೆಲ್ಲ ಎಷ್ಟು ಎಂದು ತಿಳಿಯುತ್ತಾರೆ. ಪುಸ್ತಕಕ್ಕೂ ಅದೇ ಪರೀಕ್ಷೆ ಸಾಕಿತ್ತು. ಮುದ್ರೆ ನೋಡಿ ಕೊಳ್ಳುವ ಅಭ್ಯಾಸದಿಂದ ನಾಲಗೆ ಮರಗಟ್ಟಿದೆ.

ಇಲ್ಲಿ ನಮ್ಮದೊಂದು ತಪ್ಪೊಪ್ಪಿಗೆ. ನಮ್ಮ ಮೊದಲ ಕಥಾ ಸಂಕಲನ ಸಾವಿರ ಪ್ರತಿ ಅಚ್ಚಾಯಿತು. ಎರಡನೆಯ ಸಂಕಲನದ ಹೊದಿಕೆಯಲ್ಲಿ ನಮ್ಮನ್ನು "ಜನಪ್ರಿಯ ಕಥೆಗಾರ" ಎಂದು ಪರಿಚಯಿಸಲಾಗಿದೆ. ಆ ಪರಿಚಯ ಬರೆದುಕೊಟ್ಟವರು ನಾವೇ. ಆಗ ಮೊದಲ ಸಂಕಲನದ ಆರು ಕಟ್ಟುಗಳು ನಮ್ಮ ಮಂಚದ ಕೆಳಗಿದ್ದವು. ನೆಪೋಲಿಯನ್ ಹಿಲ್ ಅವರ ಮೇಲೆ ಕಲ್ಲೆತ್ತುವ ಕೈ ಇದರಿಂದ ಸ್ವಲ್ಪ ಕೆಳಗಿಳಿಯುತ್ತದೆ.

ಬದುಕು ಸುಳ್ಳಾದರೇನು?

"ಬರೆದವನು ಹೇಗಾದರೂ ಇರಲಿ, ಪುಸ್ತಕದಿಂದ ನಾಲ್ಕು ಜನಕ್ಕೆ ಧೈರ್ಯ ಬಂದರೆ ಸಾಲದೇ?" ಎಂದು ಕೇಳುವವರಿದ್ದಾರೆ. ಇದು ತಳ್ಳಿಹಾಕುವ ಪ್ರಶ್ನೆಯಲ್ಲ. ಗಾದೆ ಹೇಳಿದವನು ಯಾರೆಂದು ನಾವು ಕೇಳುವುದಿಲ್ಲ. ಗಾದೆ ತನ್ನ ಕಾಲ ಮೇಲೆ ತಾನೇ ನಿಲ್ಲುತ್ತದೆ. ಹಿಲ್ ಪುಸ್ತಕದಲ್ಲೂ ಹಾಗೆ ನಿಲ್ಲುವ ಮಾತುಗಳಿವೆ. ಗುರಿ ಸ್ಪಷ್ಟವಿರಲಿ, ನಿರ್ಧಾರ ಮುಂದೂಡಬೇಡ, ತಿಳಿದವರ ಕೂಟ ಕಟ್ಟಿಕೋ, ಒಂದು ಸೋಲಿಗೆ ಕುಸಿಯಬೇಡ. ಇವುಗಳನ್ನು ಯಾರು ಹೇಳಿದರೂ ಒಪ್ಪಬಹುದು. ವರ್ಜೀನಿಯಾದ ಗುಡ್ಡಗಾಡಿನಲ್ಲಿ 1883ರಲ್ಲಿ ಬಡ ಗುಡಿಸಲಿನಲ್ಲಿ ಹುಟ್ಟಿ, ಎಳವೆಯಲ್ಲೇ ತಾಯಿಯನ್ನು ಕಳೆದುಕೊಂಡು, ಬಿದ್ದಷ್ಟೂ ಸಲ ಎದ್ದು ನಿಂತ ಮನುಷ್ಯನ ಛಲ ಆ ಪುಟಗಳಲ್ಲಿ ಇದ್ದೇ ಇದೆ. ಅವರು ತಮ್ಮ ನಿಜವಾದ ಸೋಲುಗಳ ಕಥೆಯನ್ನೇ ನೇರವಾಗಿ ಬರೆದಿದ್ದರೆ ನಾವು ಮೆಚ್ಚಿಕೊಳ್ಳುತ್ತಿದ್ದೆವು.

ಆದರೆ ಪುಸ್ತಕ ಗಾದೆಯಾಗಿ ಉಳಿಯಲು ಒಪ್ಪುವುದಿಲ್ಲ. ಇದು ಐನೂರು ಜನರ ಮೇಲೆ ಪರೀಕ್ಷಿಸಿದ ಸೂತ್ರ, ಕಾರ್ನೆಗಿ ಸ್ವತಃ ಬಳಸಿ ಗೆದ್ದ ಸೂತ್ರ ಎನ್ನುತ್ತದೆ. ಆಗ ಅದು ಗಾದೆಯಿಂದ ಸಾಕ್ಷ್ಯಕ್ಕೆ ಬದಲಾಗುತ್ತದೆ. ಸಾಕ್ಷಿ ಬಿದ್ದರೆ ಸೂತ್ರವೂ ಬೀಳುತ್ತದೆ. ಕಥೆಗಾರರು ಸುಳ್ಳು ಹೇಳುವುದಿಲ್ಲವೇ ಎಂದು ಕೇಳಬಹುದು. ನಾವು ಮೊದಲ ಪುಟದಲ್ಲೇ 'ಕಥೆ' ಎಂದು ಬರೆದು ಸುಳ್ಳು ಹೇಳುತ್ತೇವೆ. ಓದುಗ ಒಪ್ಪಿ ಒಳಬರುತ್ತಾನೆ. ನಮ್ಮ ಕಥೆ ನಂಬಿ ಯಾರೂ ಬಳೆ ಒತ್ತೆ ಇಡುವುದಿಲ್ಲ.

ಸುಳ್ಳಿನ ಸಾಕ್ಷಿ ಇನ್ನೊಂದು ಕೆಡುಕನ್ನೂ ಮಾಡುತ್ತದೆ. ಕಾರ್ನೆಗಿಯ ಸಂಪತ್ತಿನ ಮೂಲ ಅವರ ಆಲೋಚನೆ ಎಂದು ಪುಸ್ತಕ ನಂಬಿಸುತ್ತದೆ. 1892ರ ಜುಲೈ 6ರಂದು ಪೆನ್ಸಿಲ್ವೇನಿಯಾದ ಹೋಮ್‌ಸ್ಟೆಡ್‌ನಲ್ಲಿ, ಕಾರ್ನೆಗಿಯ ಉಕ್ಕಿನ ಕಾರ್ಖಾನೆಯ ಮುಂದೆ, ಬೀಗಮುದ್ರೆಗೆ ಒಳಗಾದ ಕಾರ್ಮಿಕರಿಗೂ ಕಂಪನಿ ಕರೆಸಿದ ಪಿಂಕರ್ಟನ್ ಖಾಸಗಿ ಪಡೆಗೂ ಗುಂಡಿನ ಕಾಳಗ ನಡೆದು ಎರಡೂ ಕಡೆ ಜನ ಸತ್ತರು. ಕಾರ್ನೆಗಿ ಆಗ ಸ್ಕಾಟ್ಲೆಂಡಿನಲ್ಲಿದ್ದರು. ಕಾರ್ಮಿಕ ಸಂಘ ಮುರಿದುಬಿತ್ತು. ಆ ಕುಲುಮೆಯ ಮುಂದೆ ನಿಂತವರ ಬೆವರು ಯಶಸ್ಸಿನ ಯಾವ ಮೆಟ್ಟಿಲಿನಲ್ಲಿ ಬರುತ್ತದೆ? ಬಂಡವಾಳ, ರೈಲು ರಸ್ತೆಗಳ ವಿಸ್ತರಣೆ, ಸರಕಾರದ ಸುಂಕ ನೀತಿ, ಕೂಲಿಯ ದರ ಇವೆಲ್ಲ ಎಲ್ಲಿ ಹೋದವು? ಎಲ್ಲವನ್ನೂ ತೆಗೆದುಹಾಕಿ ಆಲೋಚನೆಯೊಂದನ್ನೇ ಉಳಿಸಿದಾಗ ಶ್ರೀಮಂತನ ಸಂಪತ್ತೆಲ್ಲ ಅವನ ಯೋಗ್ಯತೆಯಾಗುತ್ತದೆ. ಬಡವನ ಬಡತನವೆಲ್ಲ ಅವನ ಅಪರಾಧವಾಗುತ್ತದೆ.

ಇದು ಮಹಾ ಕುಸಿತದ ದಶಕದಲ್ಲಿ, ಲಕ್ಷಾಂತರ ಜನ ಕೆಲಸ ಕಳೆದುಕೊಂಡಿದ್ದಾಗ ಬಂದ ಪುಸ್ತಕ. ಮುಳುಗುವವನಿಗೆ ಹುಲ್ಲುಕಡ್ಡಿ ಆಸರೆ. ಮುಳುಗಿದ ಮೇಲೆ "ನೀನು ಸರಿಯಾಗಿ ಹಿಡಿಯಲಿಲ್ಲ" ಎನ್ನುವ ಹುಲ್ಲುಕಡ್ಡಿ ಇದು. "ಖರೇ ಇದ್ರ ತಪ್ಪು ನಂದು" ಎಂದು ನಮ್ಮ ಹುಡುಗ ಹೇಳಿದ್ದು ಈ ಪುಸ್ತಕ ಕಲಿಸಿದ ಪಾಠವನ್ನೇ.

ಹಿಲ್ ಅವರ ಪರಂಪರೆ ಮುಂದುವರಿದಿದೆ. 1997ರಲ್ಲಿ ಬಂದ 'ರಿಚ್ ಡ್ಯಾಡ್ ಪೂರ್ ಡ್ಯಾಡ್' ಪುಸ್ತಕದ ಶ್ರೀಮಂತ ಅಪ್ಪ ನಿಜವಾಗಿ ಇದ್ದನೇ ಎಂಬ ಪ್ರಶ್ನೆಗೆ ಲೇಖಕ ರಾಬರ್ಟ್ ಕಿಯೊಸಾಕಿ ಬೇರೆ ಬೇರೆ ಕಾಲದಲ್ಲಿ ಕೊಟ್ಟ ಉತ್ತರಗಳು ಓದುಗರನ್ನು ಗೊಂದಲಕ್ಕೆ ದೂಡಿವೆ. ಸಾಲವೆಂದರೇನು, ಆಸ್ತಿಯೆಂದರೇನು ಎಂದು ಕಲಿಸುವ ಆ ಲೇಖಕರ ಒಂದು ಕಂಪನಿ 2012ರಲ್ಲಿ ದಿವಾಳಿ ಅರ್ಜಿ ಹಾಕಿತು.

ಹಾಗಾದರೆ ಬದುಕಿನ ಕಥೆಯಿಂದ ಧೈರ್ಯ ಪಡೆಯುವುದೇ ತಪ್ಪೇ? ಖಂಡಿತ ಅಲ್ಲ. ಎ.ಪಿ.ಜೆ. ಅಬ್ದುಲ್ ಕಲಾಂ ಅವರು ಅರುಣ್ ತಿವಾರಿ ಅವರೊಂದಿಗೆ 1999ರಲ್ಲಿ ಪ್ರಕಟಿಸಿದ 'ವಿಂಗ್ಸ್ ಆಫ್ ಫೈರ್' ನೋಡಿ. ಅವರು ನಿರ್ದೇಶಿಸಿದ ಎಸ್‌ಎಲ್‌ವಿ-3 ರಾಕೆಟ್ 1979ರ ಆಗಸ್ಟ್ 10ರಂದು ಸಮುದ್ರಕ್ಕೆ ಬಿತ್ತು. 1980ರ ಜುಲೈ 18ರಂದು ಗೆದ್ದಿತು. ಎರಡೂ ದಿನಾಂಕ ಅಂದಿನ ಪತ್ರಿಕೆಗಳಲ್ಲಿವೆ, ಇಸ್ರೊ ದಾಖಲೆಗಳಲ್ಲಿವೆ, ಜೊತೆಗೆ ದುಡಿದ ನೂರಾರು ಜನರ ನೆನಪಿನಲ್ಲಿವೆ. ಸೋಲಿನ ದಿನ ಮೇಲಧಿಕಾರಿ ಸತೀಶ್ ಧವನ್ ಹೊಣೆ ಹೊತ್ತದ್ದನ್ನು ಕಲಾಂ ಮತ್ತೆ ಮತ್ತೆ ಸ್ಮರಿಸಿದ್ದಾರೆ. ಒಬ್ಬನ ಆಲೋಚನೆಯಿಂದ ರಾಕೆಟ್ ಹಾರಿತೆಂದು ಅವರು ಹೇಳಲಿಲ್ಲ. ವಿಪರ್ಯಾಸವೆಂದರೆ ಅದೇ ಕಲಾಂ ಹೆಸರಿನಲ್ಲಿ ಅವರು ಎಂದೂ ಹೇಳದ ಮಾತುಗಳನ್ನು ನಾವು ಬೆಳಗಾಗೆದ್ದು ವಾಟ್ಸಾಪ್‌ನಲ್ಲಿ ಹಂಚುತ್ತೇವೆ. ಅವರ ಬದುಕು ನಮಗೆ ಸನದ್ ಇಟ್ಟುಹೋಗಿದೆ. ಕೇಳುವ ವ್ಯವಧಾನ ನಮಗಿಲ್ಲ.

ಹುಡುಗನಿಗೆ ಕೊಟ್ಟ ಉತ್ತರ

ಇಷ್ಟನ್ನೂ ಅಕ್ಕನ ಮಗನ ಮುಂದೆ ಇಟ್ಟೆವು. ಅವನು ಬಹಳ ಹೊತ್ತು ಸುಮ್ಮನಿದ್ದ. ಆಮೇಲೆ "ಅಂದ್ರ ಭೇಟಿ ಆಗಿರಲೇ ಇಲ್ಲೇನ್ರಿ?" ಎಂದ. ಆಗಿಲ್ಲವೆಂದು ಪ್ರಮಾಣ ಮಾಡಲು ನಮಗೂ ಸಾಧ್ಯವಿಲ್ಲ ಎಂದೆವು. ಆಗಿದೆ ಎನ್ನುವುದನ್ನು ತೋರಿಸಬೇಕಾದವರು ಹೇಳಿದವರು. ನೂರು ವರ್ಷವಾದರೂ ಅವರಿಂದ ತೋರಿಸಲಾಗಿಲ್ಲ. ಹುಡುಗನಿಗೆ ಅಷ್ಟು ಸಾಕಿತ್ತು.

ಮುಂದಿನ ಸಭೆಗೆ ಹೋಗುವುದಾದರೆ ಮೂರು ಪ್ರಶ್ನೆ ಕೇಳು ಎಂದು ಬರೆದುಕೊಟ್ಟೆವು. ಇದನ್ನು ಹೇಳಿದವರು ಯಾರು? ಯಾವಾಗ ಹೇಳಿದರು? ಅವರಿಗೆ ಸಂಬಂಧವಿಲ್ಲದ ಇನ್ನಾರು ಇದನ್ನು ಬಲ್ಲರು? ಹುಡುಗ ಹೋದ. ಎದ್ದು ನಿಂತು, ಈ ವ್ಯವಹಾರದಲ್ಲಿ ಹಣ ಗಳಿಸಿದ ನಮ್ಮ ಜಿಲ್ಲೆಯ ಒಬ್ಬರನ್ನು ತೋರಿಸಿ ಎಂದು ಕೇಳಿದನಂತೆ. ವೇದಿಕೆಯ ಮೇಲಿದ್ದವರು, "ಇಂಥ ನೆಗೆಟಿವ್ ವಿಚಾರದವರಿಂದಲೇ ದೇಶ ಹಿಂದುಳಿದಿದೆ, ಕೂತುಕೊಳ್ಳಿ" ಎಂದರಂತೆ. ಅವನು ಕೂರದೆ ಹೊರಗೆ ಬಂದ. ಅವನ ಹಿಂದೆ ಇನ್ನಿಬ್ಬರು ಬಂದರು. ಒಬ್ಬ ಇಬ್ಬರನ್ನು ಸೇರಿಸುವುದು ಎಂದರೆ ಬಹುಶಃ ಇದೇ ಇರಬೇಕು.

ಅಕ್ಕನ ಬಳೆಗಳು ಇನ್ನೂ ಒತ್ತೆಯಲ್ಲಿವೆ. ತಿಂಗಳಿಗಿಷ್ಟು ಎಂದು ಸಂಬಳದಿಂದ ಬಡ್ಡಿ ಕಟ್ಟುತ್ತಿದ್ದಾನೆ. ಕೆಂಪು ಗೆರೆ ಎಳೆದ ಪುಸ್ತಕವನ್ನು ಅವನು ನಮ್ಮಲ್ಲೇ ಬಿಟ್ಟುಹೋಗಿದ್ದಾನೆ. ನಾವು ಅದನ್ನು ಎಸೆದಿಲ್ಲ. ನಮ್ಮ ಕಪಾಟಿನಲ್ಲಿ ಕಥೆಗಳ ಸಾಲಿನಲ್ಲಿ ಇಟ್ಟಿದ್ದೇವೆ.